ಸಾಲೆಮನ ನೀಲಿ ಗಾಜು

ಹೊರದೇಶದ ಸಿಮೆಂಟ್ ಕಾರ್ಖಾನೆಗೆ ಕೆಲಸಕ್ಕೆ ಹೊರಟ ಹುಡುಗರು ಈಗೀಗ ಸೇಡಂನ ನಮ್ಮ ಮನೆಗೆ ಬರುತ್ತಾರೆ. ವಾಡಿಯವರು, ಶಹಾಬಾದದವರು, ಚಿಂಚೋಳಿ ಕಡೆಯವರೂ ಒಬ್ಬಿಬ್ಬರು. ಬಾಗಿಲಲ್ಲಿ ಚಪ್ಪಲಿ ಬಿಟ್ಟು, ಒಳಗೆ ಬಂದು, ಕುರ್ಚಿಯ ತುದಿಗೆ ಕುಳಿತು, “ಕಾಕಾ, ಅಲ್ಲಿ ಹ್ಯಾಂಗಿರತದ್ರಿ?” ಎಂದು ಕೇಳುತ್ತಾರೆ. ನನ್ನ ಹೆಂಡತಿ ಮಹಾನಂದಾ ಚಹಾದ ಕಪ್ಪು ಇಡುತ್ತಾ, “ಕೇಳಬ್ಯಾಡ್ರಪಾ. ಕೇಳಿದ್ರ ಉಣ್ಣೋ ಹೊತ್ತು ದಾಟತದ. ಇವರ ಮಾತಿಗಿ ನಾ ಮತ್ತಷ್ಟು ರೊಟ್ಟಿ ಬಡೀಬೇಕಾಗತದ” ಎನ್ನುತ್ತಾಳೆ. ಒಬ್ಬೊಬ್ಬರಿಗೆ ಹೇಳುವ ಬದಲು ಬರೆದೇ ಇಟ್ಟರೆ ಆಕೆಯ ಕೈಗೂ ಬಿಡುವು ಸಿಕ್ಕೀತು ಎಂದುಕೊಂಡು ಕುಳಿತಿದ್ದೇನೆ. ಸಂಬಳ, ಬಡ್ತಿ, ಸನ್ಮಾನದ ಶಾಲು ಇವನ್ನೆಲ್ಲ ಬಿಟ್ಟಿದ್ದೇನೆ. ಅವು ಎಲ್ಲರಿಗೂ ಒಂದೇ ತರಹ ಇರುತ್ತವೆ.

ನಾನು ಕಿಲನ್ ಬರ್ನರ್ ಆಗಿದ್ದವನು. ಹೋದ ವರ್ಷ ನಿವೃತ್ತನಾದೆ. ಕಿಲನ್ ಎಂದರೆ ಸಿಮೆಂಟ್ ಕಾರ್ಖಾನೆಯ ಹೊಟ್ಟೆ. ಉದ್ದನೆಯ ಉಕ್ಕಿನ ಕೊಳವೆ, ಒಳಗೆಲ್ಲ ಬೆಂಕಿ ತಾಳುವ ಇಟ್ಟಿಗೆ. ತುಸು ಓರೆಯಾಗಿ ಮಲಗಿಕೊಂಡು ಹಗಲೂ ಇರುಳೂ ನಿಧಾನವಾಗಿ ತಿರುಗುತ್ತಿರುತ್ತದೆ. ಮೇಲಿನ ತುದಿಯಿಂದ ಸುಣ್ಣಕಲ್ಲಿನ ಪುಡಿ ಬೀಳುತ್ತದೆ, ಕೆಳಗಿನ ತುದಿಯಿಂದ ಬೆಂಕಿ ಊದುತ್ತಾರೆ. ಪುಡಿ ಬೆಂದು ಉಂಡೆಗಟ್ಟಿ ಹೊರಗೆ ಉರುಳುತ್ತದೆ. ಆ ಉಂಡೆಗಳನ್ನು ಅರೆದರೆ ಸಿಮೆಂಟ್. ಒಳಗಿನ ಬೆಂಕಿ ಹದವಾಗಿದೆಯೋ ಇಲ್ಲವೋ ಎಂದು ಕಿಂಡಿಯಲ್ಲಿ ಇಣುಕಿ ಹೇಳುವವನೇ ಬರ್ನರ್. ಬರಿಗಣ್ಣಿನಿಂದ ಇಣುಕಿದರೆ ಕಣ್ಣು ಹೋಗುತ್ತದೆ. ಅದಕ್ಕೆ ಮರದ ಚೌಕಟ್ಟಿನಲ್ಲಿ ಕೂಡಿಸಿದ, ಅಂಗೈ ಅಗಲದ ಕಡುನೀಲಿ ಗಾಜು ಬೇಕು. ಗಾಜು ಹಿಡಿದು ನೋಡಿದರೆ ಕಣ್ಣು ಕುಕ್ಕುವ ಬೆಳಕೆಲ್ಲ ಆರಿ, ಒಳಗೆ ಕಲ್ಲು ಹೇಗೆ ಏರುತ್ತಿದೆ, ಹೇಗೆ ಜಾರುತ್ತಿದೆ, ಬೆಂಕಿಯ ನಾಲಿಗೆ ಯಾವ ಕಡೆ ಹೊರಳಿದೆ ಎಲ್ಲವೂ ಕಾಣುತ್ತದೆ.

ಈ ಕೆಲಸ ನನಗೆ ಕಲಿಸಿದವರು ವಾಡಿ ಕಾರ್ಖಾನೆಯ ಯಂಕಪ್ಪ ಮಿಸ್ತ್ರಿ. ರಾವೂರಿನವರು. ಅವರ ಮನೆಮಂದಿಯೆಲ್ಲ ಕಲ್ಲಿನ ಖಣಿಯಲ್ಲಿ ಕಲ್ಲು ಒಡೆದವರು, ಇವರೊಬ್ಬರೇ ಕಲ್ಲು ಬೇಯಿಸಲು ಬಂದವರು. ಮೊದಲ ದಿನವೇ ನಾನು ಅವರ ಗಾಜಿಗೆ ಕೈ ಹಾಕಿದೆ. ಅವರು ನನ್ನ ಕೈ ಹಿಡಿದು ಕೆಳಗಿಳಿಸಿದರು.

“ಹೆಂಡ್ತೀನ ಬೇಕಾದ್ರ ತವರಿಗಿ ಕಳಸ್ತಾರೋ ತಮ್ಮಾ, ಬರ್ನರ್ ತನ್ನ ಕಾಚು ಯಾರಿಗೂ ಕೊಡಂಗಿಲ್ಲ. ಹೋಗು, ನಿಂದೇ ಮಾಡಿಸ್ಕೋ.”

ಕಾಚು ಎಂದರೆ ನಮ್ಮಲ್ಲಿ ಗಾಜು. ಇದಕ್ಕೆ ಕಾರಣ ಉಂಟು. ಒಂದು ಗಾಜಿನ ನೀಲಿ ಇನ್ನೊಂದರ ಹಾಗಿರುವುದಿಲ್ಲ. ಒಂದು ತುಸು ಕಪ್ಪು, ಒಂದು ತುಸು ತೆಳು. ವರ್ಷಗಟ್ಟಲೆ ಒಂದೇ ಗಾಜಿನಲ್ಲಿ ನೋಡಿದ ಕಣ್ಣಿಗೆ ಆ ಗಾಜಿನ ಲೆಕ್ಕವೇ ರೂಢಿಯಾಗಿರುತ್ತದೆ. ಇನ್ನೊಬ್ಬರ ಗಾಜು ಹಿಡಿದರೆ ಸರಿಯಿದ್ದ ಬೆಂಕಿ ಹೆಚ್ಚಾದ ಹಾಗೆ ಕಾಣುತ್ತದೆ, ಗಾಬರಿಯಾಗಿ ಕಡಿಮೆ ಮಾಡುತ್ತೀರಿ, ಒಳಗಿನ ಮಾಲೆಲ್ಲ ಹಸಿ ಉಳಿಯುತ್ತದೆ. ಆದ್ದರಿಂದ ಎಲ್ಲರ ಗಾಜೂ ಕಿಂಡಿಯ ಪಕ್ಕದ ಗೋಡೆಯಲ್ಲಿ ತಂತಮ್ಮ ಮೊಳೆಗೆ ತೂಗುತ್ತಿದ್ದವು. ಮೊಳೆ ತಪ್ಪಿದರೆ ಜಗಳ.

ಮಿಸ್ತ್ರಿ ಕಲಿಸಿದ ಇನ್ನೊಂದು ಪಾಠವೇ ಈ ಬರಹಕ್ಕೆಲ್ಲ ಬುಡ. ಕಿಲನ್ ಹಚ್ಚುವುದು ದೊಡ್ಡ ಮಾತಲ್ಲ, ಆರಿಸುವುದೇ ದೊಡ್ಡದು. ಬಿಸಿಯಿದ್ದ ಕಿಲನ್ನನ್ನು ಗಕ್ಕನೆ ನಿಲ್ಲಿಸಿಬಿಟ್ಟರೆ, ಕಾದ ಉಕ್ಕು ತನ್ನ ಭಾರಕ್ಕೆ ತಾನೇ ಬಾಗುತ್ತದೆ. ಬಾಗಿದರೆ ಮುಗಿಯಿತು, ಅದು ಮತ್ತೆ ತಿರುಗುವುದಿಲ್ಲ. ಬೆಂಕಿ ಆರಿಸಿದ ಮೇಲೂ ಸಣ್ಣ ಡೀಸೆಲ್ ಎಂಜಿನ್ ಹಚ್ಚಿ, ಸ್ವಲ್ಪ ತಿರುಗಿಸಿ, ನಿಲ್ಲಿಸಿ, ಮತ್ತೆ ಸ್ವಲ್ಪ ತಿರುಗಿಸಿ, ಪೂರಾ ತಣ್ಣಗಾಗುವ ತನಕ ಯಾರಾದರೂ ಅದರ ಬಳಿಯೇ ಇರಬೇಕು. ಕೂಸು ಮಲಗಿಸಿದ ಹಾಗೆ.

ಒಂದು ಮಳೆಗಾಲದ ಸಂಜೆ ವಾಡಿಯಲ್ಲಿ ಕರೆಂಟು ಹೋಯಿತು. ಮೇಲೆ ದೊಡ್ಡ ಮಳೆ. ಕಾದ ಕಿಲನ್ ಮೇಲೆ ಮಳೆ ಬೀಳುವುದೆಂದರೆ ಬರ್ನರನ ಎದೆ ಮೇಲೆಯೇ ಬಿದ್ದ ಹಾಗೆ. ಮೇಲ್ಮೈ ತಣಿಯುತ್ತದೆ, ಕೆಳಮೈ ಕಾದೇ ಇರುತ್ತದೆ, ಬಾಗಲು ಹೊತ್ತು ಬೇಡ. ಡೀಸೆಲ್ ಎಂಜಿನ್ ಚಾಲೂ ಆಗಲಿಲ್ಲ. ಬ್ಯಾಟರಿ ಸತ್ತಿತ್ತು. ಮ್ಯಾನೇಜರ್ ಸಾಹೇಬರು ಛತ್ರಿ ಹಿಡಿದು ಬಂದು, “ಈಗ ಯಾರನ್ನು ಕೇಳಬೇಕು?” ಎಂದರು. ಯಂಕಪ್ಪ ಮಿಸ್ತ್ರಿ ಯಾರನ್ನೂ ಕೇಳಲಿಲ್ಲ. ಗೇಟಿನಲ್ಲಿ ಕಲ್ಲು ಹೇರಿಕೊಂಡು ನಿಂತಿದ್ದ ಲಾರಿಗೆ ಹೋಗಿ, ಅದರ ಬ್ಯಾಟರಿ ಬಿಚ್ಚಿ ಹೆಗಲ ಮೇಲೆ ಹೊತ್ತು ತಂದರು. ಲಾರಿ ಡ್ರೈವರ್ ಬೈಯುತ್ತ ಹಿಂದೆಯೇ ಓಡಿ ಬಂದ.

“ಬಿಚ್ಚಿ ಹೊಂಟ್ಯಲ್ಲ ಮಿಸ್ತ್ರಿ, ನನ್ನ ಲಾರಿ ಇಲ್ಲೇ ನಿಂದ್ರತದಲ್ಲ.”

“ನಿಂದರ್ಲಿ ಬಿಡು. ನಿನ್ನ ಲಾರಿ ನಿಂತ್ರ ಡೊಂಕ ಆಗಂಗಿಲ್ಲ.”

ಎಂಜಿನ್ ಗುಡುಗಿತು. ಕಿಲನ್ ಕಿರ್ರೆಂದು ಸ್ವಲ್ಪ ಸರಿಯಿತು. ಡ್ರೈವರನೂ ನಮ್ಮ ಜೊತೆ ನಿಂತು ನೋಡಿದ. ಅವನಿಗೂ ಉಸಿರು ಬಂದಿತು. ಆಮೇಲೆ ಅವನಿಗೆ ಸ್ಟೇಷನ್ ಎದುರಿನ ಹೋಟೆಲಿನಲ್ಲಿ ಮಂಡಕ್ಕಿ ಸುಸಲಾ, ಮಿರ್ಚಿಭಜಿ ತಿನ್ನಿಸಿದೆವು. ಮಿಸ್ತ್ರಿ ನನಗೆ ಹೇಳಿದರು: “ಮ್ಯಾಲಿನವರಿಗಿ ನಿಲ್ಸೋದು ಗೊತ್ತಿರತದ. ನಿಲ್ಲಿಸಿದ ಮ್ಯಾಲ ಬಾಜೂಕ ಕುಂದ್ರೋದು ಗೊತ್ತಿರಂಗಿಲ್ಲ. ಅದಕ್ಕ ನಾವು ಇರೋದು.”

ಆಗ ಇದು ಬರೀ ಕಾರ್ಖಾನೆಯ ಮಾತು ಎಂದುಕೊಂಡಿದ್ದೆ.

ಕೆಲವು ವರ್ಷಗಳಲ್ಲಿ ವಾಡಿಗೂ ಕಂಪ್ಯೂಟರ್ ಪರದೆಗಳು ಬಂದವು. ಬೆಂಕಿಯ ಬಿಸಿ ಅಳೆಯುವ ಯಂತ್ರ, ಕ್ಯಾಮರಾ, ಏಸಿ ಹಾಕಿದ ಕೋಣೆ. ಕಿಂಡಿಯ ಹತ್ತಿರ ಹೋಗುವವರು ಕಡಿಮೆಯಾದರು. ಗೋಡೆಯ ಮೊಳೆಗಳು ಒಂದೊಂದಾಗಿ ಖಾಲಿಯಾದವು. ಅದೇ ಹೊತ್ತಿಗೆ ಕಲಬುರಗಿಯ ಒಬ್ಬ ಏಜೆಂಟ್, ಲಿಬಿಯಾ ದೇಶದಲ್ಲಿ ಕಣ್ಣಿನಿಂದ ಬೆಂಕಿ ನೋಡುವ ಹಳೆಯ ಬರ್ನರುಗಳು ಬೇಕಾಗಿದ್ದಾರೆ ಎಂದು ಹುಡುಕಿಕೊಂಡು ಬಂದ. ನಾವೆಲ್ಲ ನಕ್ಕೆವು. ಇಡೀ ಜಗತ್ತೇ ಪರದೆ ನೋಡುತ್ತಿರುವಾಗ ಯಾವ ದೇಶಕ್ಕಪ್ಪ ಇನ್ನೂ ಗಾಜಿನ ಗರಜು ಎಂದು.

ಹೋದ ಮೇಲೆ ತಿಳಿಯಿತು. ಆ ದೇಶವನ್ನು ಒಬ್ಬನೇ ಮನುಷ್ಯ ಬಹಳ ವರ್ಷಗಳಿಂದ ಆಳುತ್ತಿದ್ದ. ಅವನಿಗೂ ಅಮೆರಿಕಕ್ಕೂ ಹಗೆ. ಅಮೆರಿಕ ತನ್ನ ಸಾಮಾನು ಅಲ್ಲಿಗೆ ಹೋಗದಂತೆ ನಿರ್ಬಂಧ ಹಾಕಿತ್ತು; ಅದರ ಮುಖ ನೋಡಿ ಎಷ್ಟೋ ದೇಶಗಳು ಕೈ ಹಿಂದೆ ತೆಗೆದುಕೊಂಡಿದ್ದವು. ಕಾರ್ಖಾನೆಯಲ್ಲಿ ಬಿಸಿ ಅಳೆಯುವ ಯಂತ್ರ ಇತ್ತು, ಆದರೆ ಸುಟ್ಟುಹೋಗಿತ್ತು, ಅದರ ಒಂದು ಚೂರು ಬಿಡಿಭಾಗ ಯಾರೂ ಕೊಡುತ್ತಿರಲಿಲ್ಲ. ಆ ಯಂತ್ರದ ಮೇಲೆ ಯಾರೋ ಚಹಾದ ಕಿಟ್ಲಿ ಇಡುತ್ತಿದ್ದರು. ಅದಕ್ಕೇ ಗಾಜಿನವರು ಬೇಕಾಗಿದ್ದರು. ಅಂದರೆ, ನನಗೆ ಆ ಕೆಲಸ ಸಿಕ್ಕಿದ್ದು ಅಮೆರಿಕದ ಸಿಟ್ಟಿನಿಂದ. ದೊಡ್ಡ ದೇಶ ಒಬ್ಬ ದೊರೆಯ ಮೇಲೆ ಮುನಿಸಿಕೊಂಡರೆ ಚಿತ್ತಾಪುರ ತಾಲೂಕಿನ ವಾಡಿಯಲ್ಲಿ ಕೆಲಸ ಕಲಿತವನ ಮನೆಗೆ ತಗಡಿನ ಸೂರು ಹೋಗಿ ಗಚ್ಚಿನ ಮಾಳಿಗೆ ಬರುತ್ತದೆ. ಯಾವ ಪೇಪರಿನಲ್ಲೂ ಇದನ್ನು ಬರೆಯುವುದಿಲ್ಲ.

ಅಲ್ಲಿ ನನ್ನ ಪಾಳಿಯ ಜೊತೆಗಾರ ಸಾಲೆಮ್. ಅದೇ ಊರಿನವ, ನನಗಿಂತ ನಾಕಾರು ವರ್ಷ ಚಿಕ್ಕವ. ಮದುವೆಯಾಗಿರಲಿಲ್ಲ; ತಾಯಿ ಮತ್ತು ಇವನು, ಇಬ್ಬರೇ. ಅವನಿಗೂ ಸ್ವಂತ ನೀಲಿ ಗಾಜು ಇತ್ತು, ಆಲಿವ್ ಮರದ ಚೌಕಟ್ಟಿನದು, ಕೈಬೆವರು ಕುಡಿದು ಕರ್ರಗೆ ಹೊಳೆಯುತ್ತಿತ್ತು. ಮೊದಲ ದಿನ ನಾನು ನನ್ನ ಗಾಜು ಚೀಲದಿಂದ ತೆಗೆದಾಗ ಅವನು ತನ್ನ ಮೊಳೆಯ ಪಕ್ಕ ಇನ್ನೊಂದು ಮೊಳೆ ಹೊಡೆದ. ಅಷ್ಟೇ ಪರಿಚಯ.

ಮಾತಿಗೆ ತೊಂದರೆಯಾಗಲಿಲ್ಲ. ಅರ್ಧ ನಮ್ಮ ಕಲಬುರಗಿಯ ಉರ್ದು, ಒಂದಿಷ್ಟು ಇಂಗ್ಲಿಷ್, ಉಳಿದದ್ದು ಕೈಸನ್ನೆ. ಕುರ್ಚಿ, ಸಾಬೂನು, ತಾರೀಖು, ಹವಾ, ಖಬರು, ಖಲಾಸ್, ಇವೆಲ್ಲ ಅಲ್ಲೂ ಹೆಚ್ಚುಕಡಿಮೆ ಅವೇ. ಆರು ತಿಂಗಳಲ್ಲಿ ಅವನು ಮಾತಾಡಿದ್ದು ನನ್ನ ಕಿವಿಗೆ ಸೇಡಂನವರು ಮಾತಾಡಿದ ಹಾಗೇ ಕೇಳತೊಡಗಿತ್ತು. ಅದಕ್ಕೇ ಅವನ ಮಾತನ್ನು ನಮ್ಮ ಮಾತಿನಲ್ಲೇ ಬರೆಯುತ್ತೇನೆ.

ಮಹಾನಂದಾ ಕಟ್ಟಿಕೊಟ್ಟ ಕಡಕ್ ರೊಟ್ಟಿ, ಶೇಂಗಾ ಹಿಂಡಿ ಎನ್ನುವ ಚಟ್ನಿಪುಡಿ ಅವನಿಗೆ ಬಹಳ ಸೇರುತ್ತಿತ್ತು. ಹಿಂಡಿಗೆ ನಾವು ಮೊಸರು ಕಲಸಿದರೆ ಅವನು ಆಲಿವ್ ಎಣ್ಣೆ ಸುರಿಯುತ್ತಿದ್ದ. ಶುಕ್ರವಾರ ಅವನ ತಾಯಿ ನನಗೆಂದು ಬೇರೆ ಪಾತ್ರೆಯಲ್ಲಿ ಮಾಂಸವಿಲ್ಲದ ಕುಸ್ಕುಸ್ ಕಳಿಸುತ್ತಿದ್ದರು. ನಮ್ಮ ಜೋಳದ ನುಚ್ಚಿನ ತಂಗಿ ಅದು. “ಇಷ್ಟು ದೂರ ಬಂದು ಕಾಯಿಪಲ್ಯ ತಿನ್ನೋ ಗಂಡಸನ್ನ ನಮ್ಮವ್ವ ಇದೇ ಮೊದಲ ನೋಡ್ಯಾಳ. ನಿನಗ ಬ್ಯಾನಿ ಅದ ಅಂತ ತಿಳಕೊಂಡಾಳ” ಎಂದು ಸಾಲೆಮ್ ನಗಿಸುತ್ತಿದ್ದ.

ಎಲ್ಲ ಕೋಣೆಯಲ್ಲೂ ಆ ದೊರೆಯ ಪಟ ಇತ್ತು, ಕ್ಯಾಂಟೀನಿನಲ್ಲಿ ಎರಡು. ಪಟದ ಕೆಳಗೆ ಯಾರೂ ರಾಜಕೀಯ ಮಾತಾಡುತ್ತಿರಲಿಲ್ಲ. ಒಮ್ಮೆ ನಾನು ಸುಮ್ಮನೆ, “ನಿನಗ ಅಣ್ತಮ್ಮರು ಎಷ್ಟು ಮಂದಿ?” ಎಂದು ಕೇಳಿದೆ. ಸಾಲೆಮ್ ಪಟ ಇಲ್ಲದ ಜಾಗಕ್ಕೆ, ಕಿಲನ್‌ನ ಗದ್ದಲಕ್ಕೆ ಕರೆದುಕೊಂಡು ಬಂದು ಕಿವಿಯಲ್ಲಿ ಹೇಳಿದ. ಅಣ್ಣ ಒಬ್ಬ ಇದ್ದ, ಕಾಲೇಜಿನಲ್ಲಿ ಏನೋ ಮಾತಾಡಿದ, ಪೊಲೀಸರು ಒಯ್ದರು. ತಾಯಿ ಹಬ್ಬಕ್ಕೊಮ್ಮೆ ಜೈಲಿನ ಬಾಗಿಲಿಗೆ ಹೊಸ ಅಂಗಿ ಒಯ್ದು ಕೊಡುತ್ತಾರೆ. ಅಂಗಿ ಒಳಗೆ ತೆಗೆದುಕೊಳ್ಳುತ್ತಾರೆ. ಅವನು ಇದ್ದಾನೆಂದೂ ಹೇಳುವುದಿಲ್ಲ, ಇಲ್ಲವೆಂದೂ ಹೇಳುವುದಿಲ್ಲ.

ಹುಡುಗರಿಗೆ ನಾನು ಮೊದಲು ಹೇಳುವ ಬುದ್ಧಿಮಾತು ಇದೇ: ಅಂಥ ದೇಶದಲ್ಲಿ ಯಾರಿಗೂ ಮನೆಮಂದಿಯ ಲೆಕ್ಕ ಕೇಳಬೇಡಿ. ಅವರೇ ಹೇಳುವ ತನಕ ತಡೆಯಿರಿ.

ಒಂದು ದಿನ ಖಬರು ಬಂತು. ಅಮೆರಿಕಕ್ಕೂ ದೊರೆಗೂ ರಾಜಿಯಾಯಿತು. ಅವನು ಕೆಲವು ಆಯುಧ ಬಿಟ್ಟುಕೊಟ್ಟನಂತೆ, ಇವರು ನಿರ್ಬಂಧ ತೆಗೆದರಂತೆ. ಸ್ವಲ್ಪ ದಿನಕ್ಕೆ ನಮ್ಮ ಕಾರ್ಖಾನೆಗೂ ಅಮೆರಿಕದ ಒಬ್ಬ ಎಂಜಿನಿಯರ್ ಬಂದ. ಒಳ್ಳೆಯ ಮನುಷ್ಯ, ಎಲ್ಲರಿಗೂ ಕೈ ಕೊಟ್ಟು ಮಾತಾಡಿಸಿದ. ಕಿಟ್ಲಿ ಇಡುತ್ತಿದ್ದ ಯಂತ್ರ ತೆಗೆಸಿ ಹೊಸದು ಕೂಡಿಸಿದ. ಅವನು ಕ್ಯಾಂಟೀನಿನಲ್ಲಿ ಆ ಎರಡು ಪಟಗಳ ಕೆಳಗೇ ಕುಳಿತು ಉಂಡ. ಸಾಲೆಮ್ ಅವನನ್ನೂ ಪಟವನ್ನೂ ನೋಡುತ್ತ ತನ್ನ ಊಟ ಮರೆತ.

ಕಿಲನ್ ಕಿಂಡಿಯ ಬಳಿಗೆ ಬಂದ ಮೇಲೆ ನನ್ನನ್ನು ಕೇಳಿದ: “ಶರಣಪ್ಪಾ, ನಾ ಸಣ್ಣವಿದ್ದಾಗ ಇವರ ವಿಮಾನ ಬಂದು ಬಾಂಬ್ ಹಾಕಿ ಹೋಗಿದ್ವು. ನಮ್ಮವ್ವ ನಮ್ಮಿಬ್ಬರನ್ನ ಮಂಚದ ಕೆಳಗ ತುರುಕಿದ್ಲು. ಅವಾಗ ನಮ್ಮ ದೊರೆ ಸೈತಾನ ಇದ್ದ. ಈಗ ದೋಸ್ತ ಆಗ್ಯಾನ. ನಮ್ಮಣ್ಣ ಅವಾಗ ಇನ್ನಾ ಜೇಲಿಗಿ ಹೋಗಿರಲಿಲ್ಲ, ಈಗ ಜೇಲಿನಾಗ ಹಾನ. ಹಂಗಾದ್ರ ಮನಷ್ಯ ಸುಧಾರಿಸಿದ್ನೋ, ಕೆಟ್ಟನೋ?”

“ದೊಡ್ಡವರ ಲೆಕ್ಕ ಬ್ಯಾರೆ ಇರತದ” ಎಂದೆ.

“ಲೆಕ್ಕ ಏನಿಲ್ಲ” ಎಂದು ಅವನು ಮೊಳೆಯಲ್ಲಿದ್ದ ನನ್ನ ಗಾಜನ್ನು ತೋರಿಸಿದ. “ಅವರು ಕಾಚು ಬದಲಿ ಮಾಡ್ಯಾರ. ಒಳಗಿನ ಬೆಂಕಿ ಅದೇ ಅದ.”

ಅಮೆರಿಕದ ಸಿಟ್ಟಿನಿಂದ ಬಂದ ನನ್ನ ಕೆಲಸಕ್ಕೆ ಅಮೆರಿಕದ ಸ್ನೇಹದಿಂದ ಸಂಚಕಾರ ಬಂತು. ಯಂತ್ರ ಬಂದ ಮೇಲೆ ಗಾಜಿನವರು ಏತಕ್ಕೆ. ಹೊಸ ಮ್ಯಾನೇಜರ್ ನನ್ನನ್ನು ಕರೆದು, ಬರುವ ಬೇಸಿಗೆಗೆ ನಿನ್ನ ಕರಾರು ಮುಗಿಯುತ್ತದೆ ಎಂದ. ಸಾಲೆಮ್ ಪೈಪು ಸರಿ ಮಾಡುವ, ತೈಲ ಬಿಡುವ ಬೇರೆ ಕೆಲಸಗಳನ್ನೂ ನನಗೆ ಕಲಿಸಿ, “ಇಂವ ಇಲ್ಲದ ಡೀಸೆಲ್ ಎಂಜಿನ್ ಹತ್ತಂಗಿಲ್ಲ” ಎಂದು ಎಲ್ಲರ ಮುಂದೆ ಸುಳ್ಳು ಹೇಳಿ, ಕರಾರು ಮುಂದುವರಿಯುವಂತೆ ಮಾಡಿದ. ಆ ಸುಳ್ಳಿನಿಂದ ನನ್ನ ಮಗಳ ಮದುವೆಯಾಯಿತು. ಅವನ ತಾಯಿ ಮಗಳಿಗೆಂದು ಒಂದು ಬೆಳ್ಳಿಯ ಬಳೆ ಕಳಿಸಿದ್ದರು. ಅವಳು ಇಂದಿಗೂ ಅದನ್ನು ಕೈಯಿಂದ ತೆಗೆದಿಲ್ಲ.

ಆಮೇಲೆ ಬಂಡಾಯ ಬಂತು. ಪಕ್ಕದ ದೇಶಗಳಲ್ಲಿ ಜನ ಬೀದಿಗಿಳಿದು ಆಳುವವರನ್ನು ಇಳಿಸಿದ್ದನ್ನು ಟೀವಿಯಲ್ಲಿ ನೋಡುತ್ತಿದ್ದ ಆ ಕಾರ್ಖಾನೆಯ ಊರಿನವರು ಒಂದು ಮುಂಜಾನೆ ತಾವೂ ಇಳಿದರು. ಪೊಲೀಸ್ ಠಾಣೆಯಿಂದ ಹೊಗೆ ಎದ್ದಿತು. ಕ್ಯಾಂಟೀನಿಗೆ ಹೋದರೆ ಪಟಗಳು ಇರಲಿಲ್ಲ. ಗೋಡೆಯ ಮೇಲೆ ಎರಡು ಬೆಳ್ಳನೆಯ ಚೌಕಗಳು ಮಾತ್ರ ಉಳಿದಿದ್ದವು. ಅಡುಗೆಯವನು ಆ ಚೌಕಗಳನ್ನು ಎಷ್ಟು ತಿಕ್ಕಿದರೂ ಹೋಗಲಿಲ್ಲ. ಸಾಲೆಮ್ ಆ ದಿನ ಕಿಲನ್‌ನ ಗದ್ದಲದ ಆಚೆಗೆ, ಬಯಲಿನಲ್ಲಿ ನಿಂತು ಅಣ್ಣನ ಹೆಸರನ್ನು ದೊಡ್ಡ ದನಿಯಲ್ಲಿ ಹೇಳಿದ. ಅಷ್ಟು ವರ್ಷದಲ್ಲಿ ನಾನು ಆ ಹೆಸರು ಕೇಳಿದ್ದು ಅದೇ ಮೊದಲು.

ಖುಷಿ ವಾರ ಉಳಿಯಲಿಲ್ಲ. ದೊರೆಯ ಟ್ಯಾಂಕುಗಳು ಕಡಲ ದಂಡೆಯ ರಸ್ತೆ ಹಿಡಿದು ಹೊರಟಿವೆ ಎಂಬ ಸುದ್ದಿ ಬಂತು. ಆಗ ಎಲ್ಲರ ಬಾಯಲ್ಲಿ ಒಂದೇ ಪ್ರಶ್ನೆ: ಅಮೆರಿಕ ಬರುತ್ತದೋ, ಇಲ್ಲವೋ.

“ನಿನಗ ಏನ್ ಅನಸ್ತದ?” ಎಂದು ನಾನು ಸಾಲೆಮನನ್ನು ಕೇಳಿದೆ.

“ಬರದಿದ್ರ ಟ್ಯಾಂಕು ನಮ್ಮನ್ನ ತುಳೀತಾವ. ಬಂದ್ರ ಅವರು ದೊರೀನ್ನ ಕೆಡವಿ ಹೋಗ್ತಾರ. ಮ್ಯಾಲ ವಿಮಾನದಾಗಿಂದ ನೋಡೋರಿಗಿ ಕೆಡವೋದು ಕಾಣ್ತದ. ಕೆಡವಿದ ಮ್ಯಾಲ ಬಾಜೂಕ ಕುಂದ್ರೋದು ಕಾಣಂಗಿಲ್ಲ.” ಯಂಕಪ್ಪ ಮಿಸ್ತ್ರಿಯ ಮಾತನ್ನು ನಾನೇ ಅವನಿಗೆ ಯಾವಾಗಲೋ ಹೇಳಿದ್ದೆ. ಅದು ನನಗೇ ಹೀಗೆ ತಿರುಗಿ ಬಂತು. ಅವನು ಮತ್ತೆ ಹೇಳಿದ: “ಆದ್ರೂ ಬರ್ಲಿ ಅಂತೀನಿ. ನಮ್ಮವ್ವ ಮಂಚದ ಕೆಳಗ ಹೋಗೋ ವಯಸ್ಸಿನಾಗಿಲ್ಲ.”

ನಮ್ಮ ಸರ್ಕಾರ ಹಡಗು ಕಳಿಸಿತು. ಹಿಂದೂಸ್ತಾನದವರೆಲ್ಲ ಬಂದರಿಗೆ ಬರಬೇಕೆಂದು ಹೇಳಿಕೆ. ಬಸ್ಸು ಕಾರ್ಖಾನೆಯ ಗೇಟಿಗೇ ಬಂದು ನಿಂತಿತು. ಅದೇ ಮುಂಜಾನೆ ತೈಲ ಬರುವ ಕೊಳವೆ ಒಣಗಿ ಕಿಲನ್‌ನ ಬೆಂಕಿ ಆರಿತ್ತು, ಕರೆಂಟೂ ಹೋಗಿತ್ತು. ಆಕಾಶದಲ್ಲಿ ಮೋಡ. ಚಳಿಗಾಲದಲ್ಲಿ ಆ ದಂಡೆಗೆ ಮಳೆ ಬರುತ್ತದೆ. ಒಳಗೆ ಕಿಲನ್ ಕೆಂಡದ ಹಾಗೆ ಕಾದಿತ್ತು.

ನಾನೂ ಸಾಲೆಮನೂ ಡೀಸೆಲ್ ಎಂಜಿನ್ ಹಚ್ಚಿ ಒಂದು ಸಲ ತಿರುಗಿಸಿದೆವು. ಗೇಟಿನಿಂದ ಬಸ್ಸು ಹಾರ್ನ್ ಹೊಡೆಯುತ್ತಿತ್ತು.

“ನಡಿ, ನೀನೂ ಮನಿಗಿ ನಡಿ” ಎಂದೆ. “ಇದು ಡೊಂಕ ಆದ್ರ ಆಗಲಿ. ಯಾರ ಕಿಲನ್ನೋ ಏನೋ.”

“ದೊರೀದಲ್ಲ, ಅಮೆರಿಕದ್ದೂ ಅಲ್ಲ. ನಂದು” ಎಂದ. “ನಾಳಿ ಯಾರೇ ಆಳ್ಲಿ, ಮನಿ ಕಟ್ಟಾಕ ಸಿಮೆಂಟ್ ಬೇಕಲ್ಲ. ತಣ್ಣಗಾಗೂತನ ಕುಂದರ್ತೀನಿ.”

ಆಮೇಲೆ ಅವನು ಗೋಡೆಗೆ ಹೋದ. ತನ್ನ ಗಾಜು ತೆಗೆದು ನನ್ನ ಕೈಯಲ್ಲಿಟ್ಟ. ನನ್ನ ಗಾಜನ್ನು ತನ್ನ ಮೊಳೆಗೆ ಹಾಕಿದ.

“ಬರ್ನರ್ ಕಾಚು ಕೊಡಂಗಿಲ್ಲ” ಎಂದೆ ನಾನು.

“ಕೊಡ್ಲಿಕತ್ತಿಲ್ಲ. ಬದಲಿ ಮಾಡ್ಲಿಕತ್ತೀನಿ. ನಿಂದು ಇಲ್ಲೇ ಇರತದ, ನಂದು ನಿನ್ನ ಬಲ್ಲಿ ಇರ್ಲಿ. ನೀ ತಿರುಗಿ ಬಂದಾಗ ಮತ್ತ ಬದಲಿ ಮಾಡೋಣು. ಹೋಗು, ಡ್ರೈವರ್ ಬೈಲಿಕತ್ತಾನ.”

ಬಸ್ಸು ತಿರುಗುವಾಗ ಮೊದಲ ಹನಿಗಳು ಕಿಟಕಿಗೆ ಬಿದ್ದವು. ಎಂಜಿನ್ನಿನ ಸದ್ದು ರಸ್ತೆಯ ತಿರುವಿನ ತನಕ ಕೇಳಿತು.

ಹಡಗು, ವಿಮಾನ, ರೈಲು. ವಾಡಿ ಸ್ಟೇಷನ್‌ನಲ್ಲಿ ಮಹಾನಂದಾ, ಮಗಳು, ಅಳಿಯ ನಿಂತಿದ್ದರು. ಮಹಾನಂದಾ ನನ್ನ ಮೈ ಮುಟ್ಟಿ ಮುಟ್ಟಿ ನೋಡಿ, “ಎಲ್ಲಾ ಸರಿ ಇದ್ದೀರಿಲ್ರಿ?” ಎಂದಳು. ನನ್ನ ಬಾಯಿಂದ ಬಂದದ್ದು, “ಕಿಲನ್ ಬಿಸಿ ಇತ್ತು” ಎಂಬ ಮಾತು. ಇಂದಿಗೂ ನಾನು ಏನಾದರೂ ಮರೆತು ಕುಳಿತರೆ ಅವಳು, “ಯಾಕ್ರಿ, ಕಿಲನ್ ಬಿಸಿ ಅದನು?” ಎಂದು ಛೇಡಿಸುತ್ತಾಳೆ.

ಅಮೆರಿಕ ಬಂದಿತು. ಯುರೋಪಿನ ದೇಶಗಳ ಜೊತೆ ವಿಮಾನದಲ್ಲಿ ಬಂದು, ಟ್ಯಾಂಕುಗಳನ್ನು ಸುಟ್ಟಿತು. ಕೆಲವು ತಿಂಗಳಿಗೆ ದೊರೆ ಸತ್ತ. ವಾಡಿ ಸ್ಟೇಷನ್ ಎದುರಿನ ಚಹಾದಂಗಡಿಯಲ್ಲಿ ಜನ ನನ್ನನ್ನು ನಡುವೆ ಕೂಡಿಸಿ ವಾದಿಸುತ್ತಿದ್ದರು.

“ಎಣ್ಣಿ ಸಲುವಾಗಿ ಹೋಗ್ಯಾರ. ಇಲ್ಲಾಂದ್ರ ಅಮೆರಿಕಕ್ಕ ಯಾರ ಮ್ಯಾಲ ಪ್ರೀತಿ?” ಎಂದು ಒಬ್ಬರು.

“ಹೋಗದಿದ್ರ ಆ ಮುದುಕ ಊರಿಗೂರೇ ಸಾಯಿಸ್ತಿದ್ದ. ಅದನ್ನೂ ನೀವೇ ಬೈತಿದ್ರಿ” ಎಂದು ಇನ್ನೊಬ್ಬರು.

“ನೀವು ಅಲ್ಲಿದ್ದವರು. ಯಾರದು ಖರೇ?” ಎಂದು ನನ್ನ ಕಡೆ ತಿರುಗುತ್ತಿದ್ದರು. ನನಗೆ ಎರಡೂ ಖರೆಯೇ ಅನಿಸುತ್ತಿತ್ತು. ಸಾಲೆಮನ ತಾಯಿ ಆ ವಿಮಾನಗಳಿಗೆ ಕೈ ಮುಗಿದಿರಲೂಬಹುದು. ಆದರೆ ದೊರೆ ಸತ್ತ ಮೇಲೆ ವಿಮಾನದವರು ತಮ್ಮ ಊರಿಗೆ ಹೋದರು. ಬಂದೂಕುಗಳು ಮಾತ್ರ ಅಲ್ಲೇ ಉಳಿದವು. ಒಂದೇ ಬೀದಿಯವರು ಎರಡು ಪಕ್ಷವಾಗಿ ಹೊಡೆದಾಡತೊಡಗಿದರು. ಬಿಸಿ ಕಿಲನ್ ಗಕ್ಕನೆ ನಿಂತಿತ್ತು, ಬಾಜೂಕ ಯಾರೂ ಕುಳಿತಿರಲಿಲ್ಲ. “ತಣ್ಣಗಾಗೂತನ ತಿರಗಸೋರು ಯಾರರೆ ಹಾರೇನು ಅಂತ ಕೇಳ್ರಿ” ಎಂದಷ್ಟೇ ನಾನು ಹೇಳುತ್ತಿದ್ದೆ. ಅವರು ಕಾರ್ಖಾನೆಯ ಹುಚ್ಚು ಹಿಡಿದಿದೆ ಎಂದುಕೊಂಡು ಚಹಾ ತರಿಸುತ್ತಿದ್ದರು.

ಸಾಲೆಮನ ಫೋನ್ ಹತ್ತಲಿಲ್ಲ. ಮೊದಲು ಗಂಟೆ ಬಾರಿಸುತ್ತಿತ್ತು, ಆಮೇಲೆ ಒಂದು ಹೆಂಗಸಿನ ದನಿ ಅರಬ್ಬಿಯಲ್ಲಿ ಏನೋ ಹೇಳುತ್ತಿತ್ತು, ಕಡೆಗೆ ಅದೂ ನಿಂತಿತು. ನಾನು ಸೇಡಂ ಕಡೆಯ ಕಾರ್ಖಾನೆಗೆ ಸೇರಿದೆ, ಇಲ್ಲೇ ಕಾಗಿಣಾ ಹೊಳೆಯ ದಂಡೆಗೆ ಮನೆ ಮಾಡಿದೆ. ನನ್ನ ಕೆಲಸ ಪರದೆಯ ಮುಂದೆ ಇತ್ತು. ಕೂಸಿನಂಥ ಎಂಜಿನಿಯರ್ ಹುಡುಗಿಯರು ಬಂದರು, ಬಹಳ ಚುರುಕು, ಒಂದೇ ಕಡೆ ಕುಳಿತು ಇಡೀ ಕಾರ್ಖಾನೆ ನಡೆಸುತ್ತಿದ್ದರು. ಅವರ ಮೇಲೆ ನನಗೆ ಏನೂ ದೂರಿಲ್ಲ. ಆದರೆ ಪಾಳಿ ಮುಗಿಸಿ ಹೊರಗೆ ಬಂದು ಕಿಂಡಿಯ ಹತ್ತಿರ ಸುಮ್ಮನೆ ನಿಲ್ಲುತ್ತಿದ್ದೆ. ಸಾಲೆಮನ ಗಾಜಿನಲ್ಲಿ ನೋಡಿದರೆ ಬೆಂಕಿ ತುಸು ತೆಳುವಾಗಿ, ತುಸು ಹತ್ತಿರ ಕಾಣುತ್ತಿತ್ತು. ಓ, ಅವನು ಹೀಗೆ ನೋಡುತ್ತಿದ್ದನೇ ಎನಿಸುತ್ತಿತ್ತು. ಪಕ್ಕದಲ್ಲಿ ನಿಂತು ವರ್ಷಗಟ್ಟಲೆ ಒಂದೇ ಬೆಂಕಿ ನೋಡಿದ್ದರೂ ಅವನ ಬೆಂಕಿ ನನಗೆ, ನನ್ನ ಬೆಂಕಿ ಅವನಿಗೆ ಕಂಡೇ ಇರಲಿಲ್ಲ.

ಆ ವರ್ಷಗಳಲ್ಲಿ ನನಗೆ ಒಂದು ವಿಚಿತ್ರ ಬಯಕೆ ಹುಟ್ಟಿತು. ಆ ಕಿಲನ್ ಬಾಗಿಹೋಗಿರಲಿ ಎಂದು. ಬಾಗಿದೆಯೆಂದರೆ ಸಾಲೆಮ್ ಬಿಟ್ಟು ಹೋಗಿದ್ದಾನೆ, ತಾಯಿಯನ್ನು ಕರೆದುಕೊಂಡು ಎಲ್ಲೋ ಪಾರಾಗಿದ್ದಾನೆ. ನೆಟ್ಟಗಿದೆಯೆಂದರೆ ಟ್ಯಾಂಕು ಬರುವ ದಾರಿಯಲ್ಲಿ ಮಳೆಯಲ್ಲಿ ಕುಳಿತೇ ಇದ್ದ. ಒಂದು ಕಿಲನ್ ಕೆಡಲಿ ಎಂದು ಬೇಡಿಕೊಂಡ ಬರ್ನರ್ ನಾನೊಬ್ಬನೇ ಇರಬೇಕು. ಯಂಕಪ್ಪ ಮಿಸ್ತ್ರಿ ಬದುಕಿದ್ದರೆ ಕಪಾಳಕ್ಕೆ ಹೊಡೆಯುತ್ತಿದ್ದರು.

ನಮ್ಮ ಓಣಿಯ ಇಲಿಯಾಸ್ ವೆಲ್ಡರ್, ಎರಡು ಮಕ್ಕಳ ತಂದೆ. ಲಿಬಿಯಾ ಕಡೆ ಕಾರ್ಖಾನೆಗಳು ಮತ್ತೆ ಶುರುವಾದಾಗ ಅವನಿಗೆ ನಾನಿದ್ದ ಕಾರ್ಖಾನೆಗೇ ಕರಾರು ಸಿಕ್ಕಿತು. ಬಂದು ಹೇಳಿದ. ಊರಿನ ಹೆಸರು ಕೇಳಿ ಮಹಾನಂದಾ ಒಳಗಿನಿಂದ ಬಂದು ಬಾಗಿಲಲ್ಲಿ ನಿಂತಳು. ನಾನು ಅವನಿಗೆ ಎಲ್ಲ ಬುದ್ಧಿಮಾತೂ, ಸಾಲೆಮನ ಮತ್ತು ಗಾಜು ಬದಲಿಯ ಕಥೆಯನ್ನೂ ಹೇಳಿದೆ, ಕಡೆಗೆ ಒಂದು ಕೆಲಸ ಹೇಳಿದೆ. “ಕಿಲನ್ ಹ್ಯಾಂಗದ ನೋಡಿ ಹೇಳಪಾ. ನೆಟ್ಟಗ ಅದೋ, ಡೊಂಕ ಆಗಿ ಹೊಸದು ಹಾಕ್ಯಾರೋ.”

“ಇಷ್ಟೇ ಏನ್ರಿ ಕಾಕಾ? ಅತ್ತರು ಗಿತ್ತರು ಏನೂ ಬ್ಯಾಡೇನ್ರಿ?”

“ಇಷ್ಟೇ.”

ಒಂದು ಇಳಿಹೊತ್ತು ಅವನ ವಿಡಿಯೋ ಕರೆ ಬಂತು. ಮಹಾನಂದಾ ಹಿಟ್ಟಿನ ಕೈಯಲ್ಲೇ ಬಂದು ನನ್ನ ಪಕ್ಕ ಕುಳಿತಳು. ಪರದೆಯಲ್ಲಿ ಅದೇ ಬಯಲು, ಅದೇ ಕಡಲ ಬಿಳಿ ಬೆಳಕು. ಕಿಲನ್ ತಿರುಗುತ್ತಿತ್ತು.

“ಅದೇ ಹಳೀದು ಅದ್ರಿ ಕಾಕಾ. ಸೀದಾ ಅದ. ಒಂದು ಕೂದಲಷ್ಟೂ ಕುಣ್ಯಂಗಿಲ್ಲ.”

ಇಲಿಯಾಸ್ ಗೇಟಿನ ಮುದುಕ ಕಾವಲುಗಾರನನ್ನು ವಿಚಾರಿಸಿದ್ದ. ಸಾಲೆಮ್ ಮಳೆಯಲ್ಲಿ ಒಬ್ಬನೇ ಎಂಜಿನ್ ನಡೆಸಿದ, ಉಕ್ಕಿನ ಮೇಲೆ ಅಂಗೈ ಇಟ್ಟು ನೋಡುವಷ್ಟು ತಣ್ಣಗಾಗುವ ತನಕ ಏಳಲಿಲ್ಲ. ಆಮೇಲೆ ತಾಯಿಯ ಮನೆಯ ಕಡೆ ನಡೆದುಕೊಂಡು ಹೋದ. ಅಷ್ಟು ಕಾವಲುಗಾರನೇ ಕಂಡದ್ದು. ಮುಂದೆ ತಾಯಿಯೊಡನೆ ಗಡಿ ದಾಟಿದ ಎನ್ನುವವರಿದ್ದಾರೆ, ಅಣ್ಣನನ್ನು ಹುಡುಕಲು ರಾಜಧಾನಿಗೆ ಹೋದ ಎನ್ನುವವರಿದ್ದಾರೆ. ಅವನನ್ನು ಕಂಡವರು ಯಾರೂ ಇಲ್ಲ.

“ಇನ್ನೊಂದು ಅದ್ರಿ ಕಾಕಾ, ತಡೀರಿ” ಎಂದು ಇಲಿಯಾಸ್ ಮೆಟ್ಟಿಲು ಹತ್ತಿದ. ಫೋನ್ ಕುಲುಕಿತು. ಕಿಂಡಿಯ ಪಕ್ಕದ ಗೋಡೆ ಕಂಡಿತು, ಮಸಿ ಹಿಡಿದು ಕಪ್ಪಾಗಿತ್ತು. ಎರಡು ಮೊಳೆ. ಒಂದು ಖಾಲಿ. ಇನ್ನೊಂದರಲ್ಲಿ ಒಂದು ನೀಲಿ ಗಾಜು, ಮೇಲೆ ಬೆರಳು ದಪ್ಪ ಸಿಮೆಂಟಿನ ಧೂಳು. ವಾಡಿಯ ಬಡಗಿ ಮಾಡಿದ ತೇಗದ ಚೌಕಟ್ಟು. ನನ್ನದು.

“ಇಲ್ಲಿ ಯಾರೂ ಬಳಸಂಗಿಲ್ರಿ. ಮ್ಯಾನೇಜರ್ ಒಯ್ಯಿ ಅಂದ. ಹಬ್ಬಕ್ಕ ಬರ್ತೀನಲ್ಲ, ತರ್ಲೇನ್ರಿ?”

ಮಹಾನಂದಾ ನನ್ನ ಮುಖ ನೋಡಿದಳು. ತರಿಸಿಕೊಳ್ಳಬಹುದಿತ್ತು. ನನ್ನ ಕಣ್ಣಿಗೆ ರೂಢಿಯಾದ ಗಾಜು, ನನ್ನ ಅರ್ಧ ಆಯುಷ್ಯದ ಬೆಂಕಿಯೆಲ್ಲ ಅದರಲ್ಲಿತ್ತು. ಆದರೆ ಅದು ಇಲ್ಲಿಗೆ ಬಂದರೆ ಎರಡೂ ನನ್ನ ಬಳಿಯೇ ಆಗುತ್ತವೆ. ಆಮೇಲೆ ಬದಲಿ ಮಾಡಲು ಏನು ಉಳಿಯಿತು.

“ಬ್ಯಾಡಪಾ” ಎಂದೆ. “ಧೂಳ ಒರಸಿ ಅಲ್ಲೇ ಹಾಕು. ಅಂವ ಬಂದ್ರ ಮೊದಲ ಅದನ್ನೇ ನೋಡ್ತಾನ.”

ಇಲಿಯಾಸ್ ತನ್ನ ಅಂಗಿಯ ತುದಿಯಿಂದ ಗಾಜು ಒರೆಸಿದ. ಕಿಂಡಿಯ ಬೆಳಕು ಬಿದ್ದು ಅದು ಒಮ್ಮೆ ನೀಲಿಯಾಗಿ ಹೊಳೆಯಿತು. ಮೊಳೆಗೆ ಹಾಕಿದ.

ಹೊರಡುವ ಹುಡುಗರೇ, ನಿಮ್ಮಲ್ಲಿ ಯಾರಾದರೂ ಆ ದಂಡೆಯ ಊರುಗಳ ಕಡೆ, ಗಡಿಯಾಚೆಯ ಯಾವುದಾದರೂ ಕಾರ್ಖಾನೆಗೆ ಹೋದರೆ, ಕಿಲನ್‌ನ ಹತ್ತಿರ ಕೆಲಸ ಮಾಡುವ, ಶೇಂಗಾ ಹಿಂಡಿಗೆ ಆಲಿವ್ ಎಣ್ಣೆ ಹಾಕಿ ತಿನ್ನುವ ಒಬ್ಬ ಮನುಷ್ಯನನ್ನು ಕಂಡರೆ ಹೆಸರು ಕೇಳಿರಿ. ಮನೆಮಂದಿಯ ಲೆಕ್ಕ ಕೇಳಬೇಡಿ. ನಿನ್ನ ಗಾಜು ಸೇಡಂನಲ್ಲಿ ಅಡುಗೆಮನೆಯ ಕಿಟಕಿಗೆ, ಒಲೆಯ ಎದುರಿಗೆ ತೂಗುಹಾಕಿದೆ, ಶರಣಪ್ಪನ ಹೆಂಡತಿ ದಿನಾ ಒರೆಸುತ್ತಾಳೆ ಎಂದು ಮಾತ್ರ ಹೇಳಿರಿ.